ರಸ್ತೆ ಬೇಡ ಎಂದವರ ಬೀದಿಗಳಲ್ಲಿ

ಸೋಮವಾರ

ವಾಷಿಂಗ್ಟನ್ ಸ್ಕ್ವೇರ್ ಪಾರ್ಕಿನ ಅಮೃತಶಿಲೆಯ ಕಮಾನಿನ ಕೆಳಗೆ ನಿಂತು ಉತ್ತರಕ್ಕೆ ನೋಡಿದರೆ ನ್ಯೂಯಾರ್ಕಿನ ಫಿಫ್ತ್ ಅವೆನ್ಯೂ ಕಣ್ಣು ಹಾಯುವಷ್ಟು ದೂರ ನೇರವಾಗಿ ಕಾಣುತ್ತದೆ. ಅಷ್ಟು ದೊಡ್ಡ ರಸ್ತೆ ಈ ಕಮಾನಿನ ಬುಡಕ್ಕೆ ಬಂದು ಮುಗಿದುಹೋಗುತ್ತದೆ. ದಕ್ಷಿಣಕ್ಕೆ ತಿರುಗಿದರೆ ಕಾರಂಜಿ, ಚೆಸ್ ಆಡುವವರು, ಸ್ಯಾಕ್ಸೋಫೋನ್ ಊದುತ್ತಿರುವ ಹುಡುಗ, ನೀರಿಗೆ ಕಾಲು ಇಳಿಬಿಟ್ಟು ಕೂತ ಕಾಲೇಜು ಮಕ್ಕಳು. ಕಾರು ಒಂದೂ ಇಲ್ಲ. ಇಲ್ಲಿ ಆಗದೇ ಹೋದ ಆ ರಸ್ತೆಯನ್ನು ನೋಡುವುದಕ್ಕೇ ನಾನು ಬಂದಿದ್ದೆ.

ಮಗಳು ಇರುವುದು ಜೆರ್ಸಿ ಸಿಟಿಯಲ್ಲಿ. ಅಲ್ಲಿಂದ ಪಾಥ್ ರೈಲು ಹತ್ತಿದರೆ ಹಡ್ಸನ್ ನದಿಯ ತಳದಲ್ಲಿ ಹಾದು ಈ ಪಾರ್ಕಿರುವ ಗ್ರೆನಿಚ್ ವಿಲೇಜಿಗೇ ತಂದು ಇಳಿಸುತ್ತದೆ. ಈ ಸಲ ಲಿಬರ್ಟಿ ಪ್ರತಿಮೆ, ಟೈಮ್ಸ್ ಸ್ಕ್ವೇರ್ ಯಾವುದೂ ಬೇಡ, ಈ ಒಂದು ಬಡಾವಣೆಯನ್ನು ನಡೆದೇ ಸುತ್ತುತ್ತೇನೆ ಅಂತ ಹಟ ಹಿಡಿದಿದ್ದೆ. ನಮ್ಮವರೂ ಜೊತೆಗೆ ಹೊರಟರು. ಲೋಕೋಪಯೋಗಿ ಇಲಾಖೆಯಲ್ಲಿ ಎಂಜಿನಿಯರ್ ಆಗಿ ನಿವೃತ್ತರಾದವರು. ಕೆಲಸದುದ್ದಕ್ಕೂ ರಸ್ತೆ ಮಾಡಿಸಿದವರಿಗೆ ರಸ್ತೆ ತಡೆದವರ ಕಥೆ ಹೇಳಿ ಒಪ್ಪಿಸುವುದು ಸುಲಭವಲ್ಲ.

ಮೊದಲೂ ಈ ಪಾರ್ಕಿನೊಳಗೆ ಒಂದು ಸಣ್ಣ ಗಾಡಿದಾರಿ ಇತ್ತು. ಫಿಫ್ತ್ ಅವೆನ್ಯೂ ಬಸ್ಸುಗಳು ಕಮಾನಿನ ಅಡಿಯಿಂದ ಬಂದು ಕಾರಂಜಿಯ ಹತ್ತಿರ ತಿರುಗಿಸಿಕೊಂಡು ಹೋಗುತ್ತಿದ್ದವು. ಆ ಕಾಲದಲ್ಲಿ ನ್ಯೂಯಾರ್ಕಿನ ರಸ್ತೆ, ಸೇತುವೆ, ಪಾರ್ಕು, ವಸತಿ ಯೋಜನೆಗಳೆಲ್ಲ ರಾಬರ್ಟ್ ಮೋಸೆಸ್ ಎಂಬ ಒಬ್ಬ ಅಧಿಕಾರಿಯ ಹಿಡಿತದಲ್ಲಿದ್ದವು. ಚುನಾವಣೆಯಲ್ಲಿ ಒಮ್ಮೆಯೂ ಗೆದ್ದವರಲ್ಲ, ಆದರೂ ಮೇಯರುಗಳು ಬಂದುಹೋದರೂ ಅವರ ಕುರ್ಚಿ ಅಲುಗಾಡುತ್ತಿರಲಿಲ್ಲ. ಫಿಫ್ತ್ ಅವೆನ್ಯೂವನ್ನು ಪಾರ್ಕಿನ ನಟ್ಟನಡುವೆ ಕೊಯ್ದು ದಕ್ಷಿಣಕ್ಕೆ ಒಯ್ಯಬೇಕು ಎಂಬುದು ಅವರ ಯೋಜನೆ. ಪಾರ್ಕಿನ ದಕ್ಷಿಣಕ್ಕೆ ಹಳೆಯ ಮನೆಗಳನ್ನು ಕೆಡವಿ ಎತ್ತರದ ಕಟ್ಟಡಗಳಿಗೆ ಜಾಗ ಮಾಡಲಾಗಿತ್ತು. ಆ ಕಟ್ಟಡಗಳಿಗೆ ‘ಫಿಫ್ತ್ ಅವೆನ್ಯೂ ಸೌತ್’ ಎಂಬ ವಿಳಾಸ ಸಿಕ್ಕಿದರೆ ಬೆಲೆ ಏರುತ್ತಿತ್ತು.

1952ರಲ್ಲಿ ಇದಕ್ಕೆ ಎದುರು ನಿಂತವರು ಶರ್ಲಿ ಹೇಯ್ಸ್, ನಾಲ್ಕು ಗಂಡುಮಕ್ಕಳ ತಾಯಿ. ಅವರ ಮಕ್ಕಳು ಆಡುತ್ತಿದ್ದದ್ದು ಇದೇ ಪಾರ್ಕಿನಲ್ಲಿ. ಅಕ್ಕಪಕ್ಕದ ಹೆಂಗಸರನ್ನು ಸೇರಿಸಿ ಸಮಿತಿ ಮಾಡಿದರು, ಸಹಿ ಸಂಗ್ರಹಕ್ಕೆ ಇಳಿದರು. ಆಮೇಲಿನ ವರ್ಷಗಳಲ್ಲಿ ಮೋಸೆಸ್ 48 ಅಡಿ ಅಗಲದ, ನೆಲಮಟ್ಟಕ್ಕಿಂತ ತಗ್ಗಿಸಿದ ರಸ್ತೆಯ ನಕ್ಷೆ ತಂದರು. ಮ್ಯಾನ್‌ಹಾಟನ್ನಿನ ‘ಬರೋ’ (ನಗರದ ಆಡಳಿತ ವಿಭಾಗ) ಅಧ್ಯಕ್ಷ ಹ್ಯೂಲನ್ ಜ್ಯಾಕ್ ನಡುವೆ ಬಂದು, ಹಾಗಾದರೆ 36 ಅಡಿ ಸಾಕು ಎಂದರು. ಇಂಥ ಹೊತ್ತಿನಲ್ಲೇ ಹೋರಾಟಗಳು ಒಡೆಯುವುದು. ಅರ್ಧಕ್ಕಾದರೂ ಒಪ್ಪಿಕೊಳ್ಳೋಣ, ಪೂರ್ತಿ ಬೇಡ ಅಂದರೆ ಯಾರು ಕೇಳುತ್ತಾರೆ ಎನ್ನುವವರು ಎಲ್ಲ ಊರಲ್ಲೂ ಇರುತ್ತಾರೆ. ಹೇಯ್ಸ್ ಮಾತ್ರ ಪಟ್ಟು ಸಡಿಲಿಸಲಿಲ್ಲ. ಅಗಲದ ಲೆಕ್ಕಕ್ಕೇ ಅವರು ಇಳಿಯಲಿಲ್ಲ. ಪಾರ್ಕಿನೊಳಗೆ ವಾಹನ ಬೇಡ, ಈಗಿರುವ ದಾರಿಯನ್ನೂ ಮುಚ್ಚಿ ಎನ್ನುವುದೊಂದೇ ಅವರ ಬೇಡಿಕೆ.

“36 ಅಡಿಗೆ ಒಪ್ಪಿಕೊಳ್ಳಬಹುದಿತ್ತು ಕಣೇ, ಅದೇನು ಅಂಥ ದೊಡ್ಡ ರಸ್ತೆ ಅಲ್ಲ,” ಅಂದರು ನಮ್ಮವರು.

“ಒಪ್ಪಿಕೊಂಡಿದ್ರೆ ನೀವು ಈಗ ಕೂತಿರೋ ಜಾಗದಲ್ಲಿ ಸಿಗ್ನಲ್ ಇರ್ತಿತ್ತು ರೀ.”

“ಸರಿ, ಆದರೆ ಆ ಟ್ರಾಫಿಕ್ ಎಲ್ಲಿ ಹೋಗ್ಬೇಕು?”

ಅಂದಿನ ಅಧಿಕಾರಿಗಳು ಕೇಳಿದ್ದೂ ಇದನ್ನೇ. ಉತ್ತರ ಕೊಡಲು ಊರವರು ಒಂದು ಉಪಾಯ ಹೂಡಿದರು. ಶಾಶ್ವತವಾಗಿ ಮುಚ್ಚಿ ಅನ್ನುವ ಮೊದಲು, ಸ್ವಲ್ಪ ಕಾಲ ಮುಚ್ಚಿ ನೋಡಿ ಅಂದರು. ಇಷ್ಟು ಹೊತ್ತಿಗೆ ರೇಮಂಡ್ ರೂಬಿನೋ ಎಂಬವರ ಮುಂದಾಳತ್ವದಲ್ಲಿ ಹೊಸ ಸಮಿತಿಯಾಗಿತ್ತು, ವಿಲೇಜಿನಲ್ಲೇ ಇದ್ದ ಪತ್ರಕರ್ತೆ ಜೇನ್ ಜೇಕಬ್ಸ್ ಸೇರಿಕೊಂಡಿದ್ದರು, ಅಮೆರಿಕದ ಮಾಜಿ ಅಧ್ಯಕ್ಷರ ಪತ್ನಿ ಎಲೀನರ್ ರೂಸ್‌ವೆಲ್ಟ್ ಬೆಂಬಲಕ್ಕೆ ನಿಂತಿದ್ದರು. ಟ್ಯಾಮನಿ ಹಾಲ್ ಎಂಬ ಡೆಮಾಕ್ರಟಿಕ್ ಪಕ್ಷದ ಬಲಾಢ್ಯ ಕೂಟದ ನಾಯಕ ಕಾರ್ಮೈನ್ ಡಿ ಸಾಪಿಯೋ ಇದೇ ವಿಲೇಜಿನ ನಿವಾಸಿ. ಅವರ ಬೆನ್ನು ಬಿಡದೆ ಓಡಾಡಿ ಅವರನ್ನೂ ಒಲಿಸಿಕೊಂಡರು. 1958ರ ಸೆಪ್ಟೆಂಬರಿನಲ್ಲಿ ನಗರದ ಮಂಡಳಿಯ ಮುಂದೆ ಸುಮಾರು 30 ಸಾವಿರ ಸಹಿಗಳ ಮನವಿ ಬಂತು, ಡಿ ಸಾಪಿಯೋ ತಾವೇ ಎದ್ದು ಮಾತಾಡಿದರು. ವಿರೋಧ ಮಾಡುತ್ತಿರುವವರು ಯಾರೂ ಇಲ್ಲ, ಒಂದಷ್ಟು ತಾಯಂದಿರನ್ನು ಬಿಟ್ಟರೆ ಎಂದು ಮೋಸೆಸ್ ಕೂಗಾಡಿದ್ದನ್ನು ಜೇಕಬ್ಸ್ ಎಷ್ಟೋ ವರ್ಷಗಳ ಮೇಲೂ ನೆನಪಿಸಿಕೊಳ್ಳುತ್ತಿದ್ದರು.

ನವೆಂಬರ್ 1ರಂದು ದಾರಿ ಮುಚ್ಚಿತು. ರಸ್ತೆ ಉದ್ಘಾಟನೆಗೆ ಟೇಪು ಕತ್ತರಿಸುತ್ತಾರಲ್ಲ, ಅಂದು ಇಲ್ಲಿ ಟೇಪನ್ನು ಕಟ್ಟಿದರು. ಕಟ್ಟಿದವರು ಪುಟ್ಟ ಹುಡುಗಿಯರು, ಅವರಲ್ಲಿ ಒಬ್ಬಳು ಜೇಕಬ್ಸ್ ಮಗಳು. ಸುತ್ತಲ ಬೀದಿಗಳು ಕಟ್ಟಿಕೊಂಡು ಉಸಿರಾಡದಂತಾಗುತ್ತವೆ ಎಂದು ಅಧಿಕಾರಿಗಳು ಹೇಳಿದ್ದರು. ಹಾಗೇನೂ ಆಗಲಿಲ್ಲ. ಮರುವರ್ಷ ಪಾರ್ಕನ್ನು ಕಾರುಗಳಿಗೆ ಕಾಯಂ ಮುಚ್ಚಲಾಯಿತು, ಕೆಲವು ವರ್ಷಗಳಲ್ಲಿ ಬಸ್ಸೂ ಒಳಗೆ ಬರುವುದು ನಿಂತಿತು.

ಪಾರ್ಕಿನ ದಕ್ಷಿಣ ಬದಿಯ ತಳ್ಳುಗಾಡಿಯಲ್ಲಿ ದೋಸೆ ಮಾಡಿಕೊಡುತ್ತಾರೆ. ಅದನ್ನು ತಿಂದುಕೊಂಡು ಲಾಗಾರ್ಡಿಯಾ ಪ್ಲೇಸ್ ಉದ್ದಕ್ಕೆ ಹೌಸ್ಟನ್ ಸ್ಟ್ರೀಟ್‌ವರೆಗೆ ನಡೆದೆವು. ಈ ದಾರಿಯ ಪಕ್ಕದಲ್ಲಿ ಅಗಲವಾದ ಹಸಿರು ಪಟ್ಟಿ ಇದೆ. ರಸ್ತೆ ಅಗಲ ಮಾಡಲು ಬಿಡಿಸಿಕೊಂಡಿದ್ದ ಜಾಗ ಅದು. ಈಗ ಅಲ್ಲಿ ನಿವಾಸಿಗಳು ಬೆಳೆಸುವ ಹೂತೋಟವಿದೆ. ಅದರ ಹತ್ತಿರವೇ 1978ರಲ್ಲಿ ಕಲಾವಿದ ಆ್ಯಲನ್ ಸಾನ್‌ಫಿಸ್ಟ್, ಯುರೋಪಿನವರು ಬರುವ ಮೊದಲು ಮ್ಯಾನ್‌ಹಾಟನ್ನಿನಲ್ಲಿ ಬೆಳೆಯುತ್ತಿದ್ದ ಗಿಡಮರಗಳನ್ನಷ್ಟೇ ನೆಟ್ಟು ಮಾಡಿದ ಪುಟ್ಟ ಕಾಡು ಇದೆ. ಬೇಲಿಯ ಹೊರಗೆ ನಿಂತು ನಮ್ಮವರು ಪಟ್ಟಿಯ ಅಗಲವನ್ನು ಹೆಜ್ಜೆಯಲ್ಲಿ ಅಳೆದರು. ಎರಡು ಲೇನ್ ಆರಾಮಾಗಿ ಬರ್ತಿತ್ತು ಅಂದರು. ನಾನು ಸುಮ್ಮನಿದ್ದೆ.

ಮಂಗಳವಾರ

ಕ್ರಿಸ್ಟೋಫರ್ ಸ್ಟ್ರೀಟ್ ನಿಲ್ದಾಣದಲ್ಲಿ ಇಳಿದು ಪಶ್ಚಿಮ ವಿಲೇಜಿಗೆ ಹೊಕ್ಕರೆ ಮ್ಯಾನ್‌ಹಾಟನ್ನಿನ ಲೆಕ್ಕಾಚಾರವೆಲ್ಲ ಕೆಡುತ್ತದೆ. 1811ರಲ್ಲಿ ಇಡೀ ದ್ವೀಪಕ್ಕೆ ಚೌಕುಳಿ ರಸ್ತೆಗಳ ನಕ್ಷೆ ಹಾಕಿದಾಗ ಈ ಭಾಗ ಅದಾಗಲೇ ಬೆಳೆದ ಹಳ್ಳಿ, ಹಾಗಾಗಿ ಅದರ ಬೀದಿಗಳು ಹೇಗಿದ್ದವೋ ಹಾಗೇ ಉಳಿದವು. ನಾಲ್ಕನೇ ಬೀದಿ ಹೋಗಿ ಹತ್ತನೇ ಬೀದಿಯನ್ನು ದಾಟುತ್ತದೆ. 1822ರಲ್ಲಿ ಹಳದಿ ಜ್ವರಕ್ಕೆ ಹೆದರಿ ದಕ್ಷಿಣದ ಪೇಟೆಯಿಂದ ಜನ ಗುಳೆ ಎದ್ದು ಇಲ್ಲಿಗೆ ಬಂದರು, ಹಳ್ಳಿ ಬಡಾವಣೆಯಾಯಿತು. ನಾವು ಮಲ್ಲೇಶ್ವರದವರು. 1898ರ ಪ್ಲೇಗಿನಲ್ಲಿ ಪೇಟೆ ಬಿಟ್ಟು ಬಂದವರಿಂದ ತುಂಬಿದ ಊರು ನಮ್ಮದು. ಕಾಯಿಲೆಗೆ ಹೆದರಿ ಗಾಳಿ ಬೆಳಕು ಹುಡುಕಿಕೊಂಡು ಬಂದವರ ಬಡಾವಣೆಗಳು ಎರಡೂ ಎಂದು ಗೊತ್ತಾದ ಮೇಲೆ ಈ ಬೀದಿಗಳ ಮೇಲೆ ನನಗೆ ಸಲಿಗೆ ಹೆಚ್ಚಾಯಿತು.

ಮೂರು ನಾಲ್ಕು ಅಂತಸ್ತಿನ ಕೆಂಪಿಟ್ಟಿಗೆಯ ಮನೆಗಳು, ಬೀದಿಯಿಂದ ಬಾಗಿಲಿಗೆ ಏರುವ ಏಳೆಂಟು ಮೆಟ್ಟಿಲು. ಆ ಮೆಟ್ಟಿಲೇ ಇಲ್ಲಿಯವರ ಜಗಲಿ. ಕಾಫಿ ಲೋಟ ಹಿಡಿದು ಕೂರುತ್ತಾರೆ, ನಾಯಿ ಕಟ್ಟುತ್ತಾರೆ, ಬೇಡದ ಪುಸ್ತಕಗಳನ್ನು ಯಾರಾದರೂ ಒಯ್ಯಲಿ ಎಂದು ಇಟ್ಟು ಒಳಗೆ ಹೋಗುತ್ತಾರೆ. ಬೀದಿಯ ಹೆಸರಿನ ಫಲಕ ಕಂದುಬಣ್ಣದ್ದಾಗಿದ್ದರೆ ಅದು ಸಂರಕ್ಷಿತ ಪ್ರದೇಶ ಎಂದರ್ಥ. ಬೇರೆ ಕಡೆಯ ಫಲಕಗಳು ಹಸಿರು.

ಹಡ್ಸನ್ ಸ್ಟ್ರೀಟಿನ 555ನೇ ನಂಬರಿನ ಮನೆ ಮೂರು ಅಂತಸ್ತಿನದು, ತೀರಾ ಸಾದಾ. ಕೆಳಗೆ ಅಂಗಡಿ ಮಳಿಗೆ, ಮೇಲೆ ವಾಸ. ಪತ್ರಕರ್ತೆ ಜೇನ್ ಜೇಕಬ್ಸ್ ಮತ್ತು ಅವರ ವಾಸ್ತುಶಿಲ್ಪಿ ಗಂಡ 1947ರಲ್ಲಿ ಕೊಂಡದ್ದು. ನಗರ ಯೋಜನೆ ಓದಿದ ಪದವಿ ಜೇಕಬ್ಸ್‌ಗೆ ಇರಲಿಲ್ಲ. ಈ ಮನೆಯ ಕಿಟಕಿಯಿಂದ ಬೀದಿಯನ್ನು ಬೆಳಗಿನಿಂದ ರಾತ್ರಿಯವರೆಗೆ ನೋಡಿದ್ದೇ ಅವರ ಓದು. ಅಂಗಡಿಯವರು, ಮಕ್ಕಳು, ಪಕ್ಕದ ವೈಟ್ ಹಾರ್ಸ್ ಎಂಬ ಹಳೆಯ ಪಬ್ಬಿಗೆ ರಾತ್ರಿ ಬಂದುಹೋಗುವವರು, ಹೀಗೆ ಯಾವಾಗಲೂ ಜನ ಇದ್ದರೆ ಬೀದಿಯನ್ನು ಜನವೇ ಕಾಯುತ್ತಾರೆ ಎಂದು 1961ರ ತಮ್ಮ ಪುಸ್ತಕದಲ್ಲಿ ಬರೆದರು. ಅದು ಜಗತ್ತಿನ ನಗರ ಯೋಜಕರ ಪಾಠವನ್ನೇ ಬದಲಿಸಿತು.

ಆ ಮನೆಯ ಮುಂದಿನ ಫುಟ್‌ಪಾತಿನದೂ ಒಂದು ಕಥೆಯಿದೆ. 1960ರಲ್ಲಿ ಹಡ್ಸನ್ ಸ್ಟ್ರೀಟ್ ಅಗಲ ಮಾಡಲು ಎರಡೂ ಬದಿಯ ಫುಟ್‌ಪಾತನ್ನು 5 ಅಡಿ ಕತ್ತರಿಸಲು ಹೊರಟಿದ್ದರು. ಬೀದಿಯವರು ಸಹಿ ಹಾಕಿಸಿದರು, ಮಕ್ಕಳೂ ಮೇಜು ಹಾಕಿಕೊಂಡು ಕೂತರು, ನಗರಾಡಳಿತ ಕೈಬಿಟ್ಟಿತು. ನಮ್ಮವರು ಆ ಫುಟ್‌ಪಾತಿನ ಮೇಲೆ ನಿಂತು ಸುತ್ತ ನೋಡಿದರು. ಅಷ್ಟರಲ್ಲಿ ಗಾಲಿಕುರ್ಚಿಯಲ್ಲಿ ಒಬ್ಬರು, ಮಗುವಿನ ತಳ್ಳುಗಾಡಿ ಹಿಡಿದ ಒಬ್ಬರು ಎದುರುಬದುರಾಗಿ ಬಂದು ಯಾರೂ ನಿಲ್ಲದೆ ದಾಟಿಹೋದರು, ಮರದ ಕಟ್ಟೆ, ಹೋಟೆಲಿನ ಮೇಜು ಎಲ್ಲವೂ ಇದ್ದಂತೆಯೇ. 5 ಅಡಿ ಹೋಗಿದ್ದರೆ ಮರ ಹೋಗುತ್ತಿತ್ತು, ಮೇಜು ಹೋಗುತ್ತಿತ್ತು, ಕೊನೆಗೆ ಆ ಗಾಲಿಕುರ್ಚಿ ರಸ್ತೆಗಿಳಿಯುತ್ತಿತ್ತು. ನಮ್ಮೂರಿನಲ್ಲಿ ‘ಅಗಲೀಕರಣ’ ಎಂಬ ಫಲಕ ಕಂಡಾಗಲೆಲ್ಲ ಕಳೆದುಹೋಗುವುದು ಇದೇ 5 ಅಡಿ.

ದೊಡ್ಡ ಹೊಡೆತ ಬಂದದ್ದು 1961ರ ಫೆಬ್ರವರಿಯಲ್ಲಿ. ಪಶ್ಚಿಮ ವಿಲೇಜಿನ 14 ಬ್ಲಾಕುಗಳನ್ನು ನಗರ ನವೀಕರಣಕ್ಕೆ ಗುರುತಿಸಲಾಗಿದೆ ಎಂದು ಪತ್ರಿಕೆಯಲ್ಲಿ ಬಂತು. ಪಾಳು ಬಿದ್ದ ಪ್ರದೇಶ ಎಂದು ಒಮ್ಮೆ ಘೋಷಿಸಿಬಿಟ್ಟರೆ ಮನೆಗಳನ್ನು ವಶಪಡಿಸಿಕೊಳ್ಳಬಹುದು, ಕೆಡವಬಹುದು, ಬಿಲ್ಡರಿಗೆ ಕೊಡಬಹುದು. ಜೇಕಬ್ಸ್ ಮನೆಯೂ ಅದರಲ್ಲೇ ಇತ್ತು. ಪಶ್ಚಿಮ ವಿಲೇಜ್ ಉಳಿಸಿ ಸಮಿತಿ ಹುಟ್ಟಿತು. ಪಾದ್ರಿಗಳು, ಅಂಗಡಿಯವರು, ಹಡಗುಕಟ್ಟೆಯ ಕೂಲಿಗಳು, ಬರಹಗಾರರು ಎಲ್ಲ ಹಡ್ಸನ್ ಸ್ಟ್ರೀಟಿನ ಒಂದು ಕಾಫಿ ಅಂಗಡಿಯಲ್ಲಿ ಸೇರುತ್ತಿದ್ದರು. ಅವರು ಮಾಡಿದ ಮೊದಲ ಕೆಲಸ ಎಣಿಕೆ. ಮನೆಮನೆಗೆ ಹೋಗಿ ಯಾರಿದ್ದಾರೆ, ಎಷ್ಟು ಬಾಡಿಗೆ, ಮನೆಯ ಸ್ಥಿತಿ ಹೇಗಿದೆ ಎಂದು ತಾವೇ ಬರೆದುಕೊಂಡು, ಇದು ಪಾಳು ಪ್ರದೇಶವಲ್ಲ ಎಂದು ದಾಖಲೆ ಸಮೇತ ತೋರಿಸಿದರು. ಕೆಡವಬೇಕಾದ ಕಟ್ಟಡಗಳ ಕಿಟಕಿಗಳಿಗೆ ಬಿಳಿ ಕತ್ತರಿ (X) ಗುರುತು ಹಾಕುವುದು ರೂಢಿ. ಸಮಿತಿಯವರು ತಂಪು ಕನ್ನಡಕದ ಗಾಜಿಗೇ ಅದೇ ಗುರುತು ಅಂಟಿಸಿಕೊಂಡು ಸಭೆಗೆ ಹೋದರು. ಯೋಜನೆಯನ್ನು ಬೆಂಬಲಿಸಲು ದಿಢೀರನೆ ಹುಟ್ಟಿಕೊಂಡ ‘ನಿವಾಸಿಗಳ ಸಂಘ’ದ ಕಾಗದಗಳನ್ನು ಪರಿಣತರಿಗೆ ತೋರಿಸಿ, ಬಿಲ್ಡರ್ ಕಡೆಯ ಕಾಗದಗಳೂ ಇವೂ ಟೈಪಾದದ್ದು ಒಂದೇ ಯಂತ್ರದಲ್ಲಿ ಎಂದು ಹೊರಗೆಳೆದರು. ಒಂದು ವರ್ಷ ಕಳೆಯುವುದರೊಳಗೆ, 1962ರ ಆರಂಭದಲ್ಲಿ, ಯೋಜನೆ ಬಿದ್ದುಹೋಯಿತು.

ಗೆದ್ದ ಮೇಲೆ ಸಮಿತಿಯವರು ಮನೆಗೆ ಹೋಗಿ ಮಲಗಲಿಲ್ಲ, ಈ ಇಡೀ ಕಥೆಯಲ್ಲಿ ನನಗೆ ಬಹಳ ಮೆಚ್ಚುಗೆಯಾದ ಭಾಗ ಇದೇ. ನಮಗೆ ಏನು ಬೇಡ ಎಂದು ಹೇಳಿದ್ದಾಯಿತು, ಇನ್ನು ಏನು ಬೇಕು ಎಂದು ಹೇಳೋಣ ಎಂದು ತಮ್ಮದೇ ವಸತಿ ಯೋಜನೆ ಬರೆಸಿದರು. ಖಾಲಿ ನಿವೇಶನಗಳಲ್ಲಿ ಮಾತ್ರ ಕಟ್ಟಬೇಕು, ಇದ್ದವರಲ್ಲಿ ಒಬ್ಬರನ್ನೂ, ಒಂದು ಗುಬ್ಬಿಯನ್ನೂ ಎಬ್ಬಿಸಬಾರದು ಎಂಬುದು ಅದರ ಘೋಷವಾಕ್ಯ. ವಾಷಿಂಗ್ಟನ್ ಸ್ಟ್ರೀಟಿಗೆ ಹೋಗಿ ಆ ಮನೆಗಳನ್ನು ನೋಡಿದೆವು. 42 ಕಟ್ಟಡಗಳು, 420 ಮನೆ. ಅಧಿಕಾರಿಗಳು ವರ್ಷಗಟ್ಟಲೆ ಎಳೆದಾಡಿ, ಖರ್ಚು ಕತ್ತರಿಸಿ ಕತ್ತರಿಸಿ, ಮುಗಿಯುವ ಹೊತ್ತಿಗೆ 1974 ಆಗಿತ್ತು. ಐದು ಅಂತಸ್ತು, ಲಿಫ್ಟ್ ಇಲ್ಲ, ಇಟ್ಟಿಗೆ ಗೋಡೆ, ಅಲಂಕಾರವೆಂಬುದು ಹೆಸರಿಗೂ ಇಲ್ಲ. ಚೆಂದದ ಕಟ್ಟಡ ಎಂದು ಯಾರೂ ಫೋಟೋ ತೆಗೆಯುವುದಿಲ್ಲ. ಆದರೆ ಮಧ್ಯಮ ವರ್ಗದವರಿಗೆ ಕೈಗೆಟುಕುವ ಬಾಡಿಗೆಗೆಂದು, ಯಾರನ್ನೂ ಒಕ್ಕಲೆಬ್ಬಿಸದೆ ಕಟ್ಟಿದ 420 ಮನೆ. ನಾನು ಒಂದು ಫೋಟೋ ತೆಗೆದುಕೊಂಡೆ.

ಬುಧವಾರ

ಬೆಳಗಿನಿಂದ ಮಳೆ. ಮಧ್ಯಾಹ್ನ ಸ್ವಲ್ಪ ಬಿಟ್ಟಾಗ ಕ್ರಿಸ್ಟೋಫರ್ ಪಾರ್ಕಿನವರೆಗೆ ಹೋಗಿಬಂದೆವು. ಎದುರಿಗಿರುವ ಪಬ್ಬು ಸ್ಟೋನ್‌ವಾಲ್ ಇನ್. ಗ್ರೆನಿಚ್ ವಿಲೇಜನ್ನು ಐತಿಹಾಸಿಕ ಪ್ರದೇಶವೆಂದು ಸಾರಿದ್ದು 1969ರ ಏಪ್ರಿಲ್ 29ರಂದು. ಅದಾಗಿ ಎರಡು ತಿಂಗಳಿಗೆ, ಜೂನ್ 28ರ ನಸುಕಿನಲ್ಲಿ, ಇಲ್ಲಿ ಪೊಲೀಸ್ ದಾಳಿಗೆ ಸಲಿಂಗಿ ಸಮುದಾಯದವರು ತಿರುಗಿಬಿದ್ದರು. ಆ ಕಟ್ಟಡ ಉಳಿದಿದ್ದು ಇಟ್ಟಿಗೆ ಗಾರೆಯ ಚೆಲುವಿಗಾಗಿ ಹಾಕಿದ ಕಾನೂನಿನ ಬೇಲಿಯೊಳಗೆ ಇದ್ದದ್ದರಿಂದ. ಅಲ್ಲಿ ನಡೆದ ಇತಿಹಾಸಕ್ಕಾಗಿಯೇ ಅದನ್ನು ರಾಷ್ಟ್ರೀಯ ಸ್ಮಾರಕ ಮಾಡಿದ್ದು 2016ರಲ್ಲಿ. ಒಂದು ಬೀದಿಯನ್ನು ಉಳಿಸಿದವರಿಗೆ ಅಲ್ಲಿ ಮುಂದೆ ಏನು ನಡೆಯಲಿದೆ ಎಂದು ಗೊತ್ತಿರುವುದಿಲ್ಲ.

ಮತ್ತೆ ಮಳೆ ಹಿಡಿಯಿತು. ಮಗಳ ಮನೆಗೆ ಮರಳಿದೆವು.

ಗುರುವಾರ

ಸಿಕ್ಸ್ತ್ ಅವೆನ್ಯೂ ಮತ್ತು ಹತ್ತನೇ ಬೀದಿ ಸೇರುವಲ್ಲಿ ಜೆಫರ್ಸನ್ ಮಾರ್ಕೆಟ್ ಗ್ರಂಥಾಲಯವಿದೆ. ಕೆಂಪಿಟ್ಟಿಗೆ, ನಡುನಡುವೆ ಬಿಳಿ ಕಲ್ಲಿನ ಪಟ್ಟಿ, ಚೂಪು ಕಮಾನು, ಬಣ್ಣದ ಗಾಜು, ಮೂಲೆಯಲ್ಲಿ ಗಡಿಯಾರದ ಗೋಪುರ. 1874ರಿಂದ 1877ರವರೆಗೆ ಕೋರ್ಟಿಗಾಗಿ ಕಟ್ಟಿದ್ದು. 1945ಕ್ಕೆ ಕೋರ್ಟು ಹೋಯಿತು, 1950ರ ದಶಕದ ಕೊನೆಗೆ ಕಟ್ಟಡ ಮಾರಾಟಕ್ಕೆ, ಅಂದರೆ ಕೆಡವಲಿಕ್ಕೆ, ಸಿದ್ಧವಾಗಿತ್ತು. ಗೋಪುರದ ಗಡಿಯಾರವೂ ನಿಂತುಹೋಗಿತ್ತು.

ಮಾರ್ಗೊ ಗೇಲ್ ಎಂಬ ನಿವಾಸಿ 1959ರಲ್ಲಿ ನೆರೆಹೊರೆಯವರನ್ನು ಸೇರಿಸಿ ಒಂದು ಸಮಿತಿ ಮಾಡಿದರು. ಕಟ್ಟಡ ಉಳಿಸಿ ಎಂದು ಅವರು ಮೊದಲು ಕೇಳಲಿಲ್ಲ. ನಿಂತ ಗಡಿಯಾರವನ್ನು ನಡೆಸಿ ಎಂದು ಕೇಳಿದರು. ದಿನಕ್ಕೆ ಹತ್ತು ಸಲ ಆ ಗೋಪುರ ನೋಡುವ ಯಾರು ತಾನೆ ಬೇಡ ಎಂದಾರು? ಹಣ ಕೂಡಿತು, 1961ರಲ್ಲಿ ಗಡಿಯಾರ ನಡೆಯಿತು. ನಡೆಯುವ ಗಡಿಯಾರವಿರುವ ಕಟ್ಟಡವನ್ನು ಕೆಡವುವ ಮಾತು ಆಮೇಲೆ ಯಾರ ಬಾಯಲ್ಲೂ ಸುಲಭವಾಗಿ ಬರಲಿಲ್ಲ. ಹೋರಾಟ ಮುಂದುವರಿದು, 1967ರಲ್ಲಿ ಅದು ಸಾರ್ವಜನಿಕ ಗ್ರಂಥಾಲಯವಾಗಿ ತೆರೆಯಿತು. ಹೇಯ್ಸ್ ಹಟದ ದಾರಿ ಬೇರೆ, ಗೇಲ್ ನಯದ ದಾರಿ ಬೇರೆ. ಆದರೆ ಇಬ್ಬರ ಬೇಡಿಕೆಯೂ ಬೀದಿಯಲ್ಲಿ ಹೋಗುವ ಯಾರಿಗಾದರೂ ಒಂದೇ ಉಸಿರಿನಲ್ಲಿ ಹೇಳಿ ಮುಗಿಸುವಂಥದ್ದು. ಪಾರ್ಕಿಗೆ ಕಾರು ಬೇಡ. ಗಡಿಯಾರ ನಡೆಸಿ. ನಮ್ಮ ಮನವಿಪತ್ರಗಳಲ್ಲಿ ಹದಿನೆಂಟು ಬೇಡಿಕೆ ಇರುತ್ತವೆ, ಓದುವ ಅಧಿಕಾರಿ ಅದರಲ್ಲಿ ತನಗೆ ಕಷ್ಟವಿಲ್ಲದ ಎರಡನ್ನು ಒಪ್ಪಿ ಕೈತೊಳೆದುಕೊಳ್ಳುತ್ತಾರೆ.

ಒಳಗೆ ಸುತ್ತು ಮೆಟ್ಟಿಲು. ಕಲ್ಲಿನ ಮೆಟ್ಟಿಲುಗಳ ನಡುಭಾಗ ಕಾಲು ತಾಗಿ ತಾಗಿ ತಗ್ಗಾಗಿದೆ. ಬಣ್ಣದ ಗಾಜಿನ ಬೆಳಕು ಗೋಡೆಯ ಮೇಲೆ ಬಿದ್ದಿತ್ತು. ಪೊಲೀಸ್ ಕೋರ್ಟು ಇದ್ದಲ್ಲಿ ಮಕ್ಕಳ ವಿಭಾಗ, ಸಿವಿಲ್ ಕೋರ್ಟು ಇದ್ದಲ್ಲಿ ದೊಡ್ಡವರ ಓದುವ ಕೋಣೆ. ನೆಲಮಾಳಿಗೆಯ ಇಟ್ಟಿಗೆ ಕಮಾನುಗಳ ಕೆಳಗೆ ಒಂದು ಕಾಲಕ್ಕೆ ಕೈದಿಗಳನ್ನು ಕೂರಿಸುತ್ತಿದ್ದರು, ಈಗ ಅಲ್ಲಿ ಆಕರ ಗ್ರಂಥಗಳಿವೆ. ನಮ್ಮವರು ಕಮಾನಿನ ಇಟ್ಟಿಗೆ ಜೋಡಣೆಯನ್ನು ಬೆರಳಲ್ಲಿ ಸವರುತ್ತಾ ಬಹಳ ಹೊತ್ತು ಅಲ್ಲೇ ನಿಂತರು. “ಇಂಥ ಕೆಲಸ ಈಗ ಮಾಡಿಸೋಕಾಗಲ್ಲ,” ಅಂದರು.

ಪಕ್ಕದಲ್ಲಿ ಹೆಂಗಸರ ಜೈಲೊಂದು ಇತ್ತು. 1974ರಲ್ಲಿ ಅದನ್ನು ಕೆಡವಿದ ಮೇಲೆ ಆ ಜಾಗ ತೋಟವಾಯಿತು, ಸ್ವಯಂಸೇವಕರೇ ನೋಡಿಕೊಳ್ಳುತ್ತಾರೆ. ಗುಲಾಬಿ ಪಾತಿಯ ಕಳೆ ಕೀಳುತ್ತಿದ್ದ ಹಿರಿಯ ಹೆಂಗಸೊಬ್ಬರು ನಮ್ಮನ್ನು ಮಾತಾಡಿಸಿದರು. ಅವರ ಬಾಡಿಗೆ ಕಾನೂನಿನ ನಿಯಂತ್ರಣದಲ್ಲಿರುವುದರಿಂದ ಅವರು ಇನ್ನೂ ಇಲ್ಲಿದ್ದಾರಂತೆ. ಜೊತೆಗೆ ಸಹಿ ಹಾಕಿಸಲು ಓಡಾಡಿದ ಗೆಳತಿಯರಲ್ಲಿ ಹೆಚ್ಚಿನವರು ಇಲ್ಲ. ಸತ್ತವರು ಕೆಲವರು, ಬಾಡಿಗೆ ಕಟ್ಟಲಾಗದೆ ಹೋದವರು ಹೆಚ್ಚು. ಮನೆಗಳನ್ನು ಉಳಿಸಿಕೊಂಡೆವು, ಮನೆಯವರನ್ನು ಉಳಿಸಿಕೊಳ್ಳುವುದು ಅದಕ್ಕಿಂತ ಕಷ್ಟದ ಕೆಲಸ ಎಂಬರ್ಥದ ಮಾತು ಹೇಳಿ ಮತ್ತೆ ಕಳೆ ಕೀಳತೊಡಗಿದರು.

ಇದು ಈ ಬಡಾವಣೆಯ ದೊಡ್ಡ ನೋವು. ಹಡಗುಕಟ್ಟೆಯ ಕೂಲಿ ಇದ್ದ ಮನೆ ಈಗ ಮ್ಯಾನ್‌ಹಾಟನ್ನಿನ ಅತಿ ದುಬಾರಿ ಮನೆಗಳ ಸಾಲಿನಲ್ಲಿದೆ. ಹಳೆಯದನ್ನು ಉಳಿಸಿದ್ದರಿಂದಲೇ ಬೆಲೆ ಏರಿತು ಎಂದು ದೂರುವವರಿದ್ದಾರೆ. ನಾನು ಅದನ್ನು ಪೂರ್ತಿ ಒಪ್ಪುವುದಿಲ್ಲ. ಕೆಡವಿ ಕಟ್ಟಿದ್ದರೂ ಆ ಕೂಲಿಗೆ ಅಲ್ಲಿ ಮನೆ ಸಿಗುತ್ತಿರಲಿಲ್ಲ, 1961ರ ಯೋಜನೆಯೇ ಅವನನ್ನು ಎಬ್ಬಿಸಲು ಹೊರಟಿತ್ತು. ಆದರೆ ಗೋಡೆಗೆ ಸಿಕ್ಕ ಕಾನೂನಿನ ರಕ್ಷಣೆ ಬಾಡಿಗೆದಾರನಿಗೂ ಅಷ್ಟೇ ಗಟ್ಟಿಯಾಗಿ ಸಿಗಬೇಕಿತ್ತು. ಗುಬ್ಬಿಯನ್ನೂ ಎಬ್ಬಿಸಬಾರದು ಎಂದವರಿಗೆ ಇದು ಗೊತ್ತಿತ್ತು. ಅವರ 420 ಮನೆಗಳಂಥವು ಇನ್ನೂ ಹತ್ತು ಕಡೆ ಎದ್ದಿದ್ದರೆ ಎಂದು ಈಗಲೂ ಅನ್ನಿಸುತ್ತದೆ.

ಶುಕ್ರವಾರ

ಹೌಸ್ಟನ್ ಸ್ಟ್ರೀಟ್ ದಾಟಿ ದಕ್ಷಿಣಕ್ಕೆ, ಸೋಹೋಗೆ. ಹೊರಡುವಾಗ ಮಗಳ ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದ್ದ ಮ್ಯಾಗ್ನೆಟ್ ಒಂದನ್ನು ಕೇಳಿ ತೆಗೆದುಕೊಂಡಿದ್ದೆ. “ಇದ್ಯಾಕಮ್ಮ?” ಅಂದಳು. ಬಂದು ಹೇಳ್ತೀನಿ ಅಂದೆ.

ಬ್ರಾಡ್‌ವೇ ಮತ್ತು ಬ್ರೂಮ್ ಸ್ಟ್ರೀಟ್ ಕೂಡುವ ಮೂಲೆಯಲ್ಲಿ ಹಾವೌಟ್ ಬಿಲ್ಡಿಂಗ್ ಇದೆ. 1857ರದ್ದು. ಐದು ಅಂತಸ್ತಿನ ಎರಡೂ ಮುಖಗಳ ತುಂಬ ಕಂಬ, ಕಮಾನು, ಮತ್ತೆ ಕಂಬ, ಕಮಾನು. ದೂರದಿಂದ ಕೆತ್ತಿದ ಕಲ್ಲೆಂದೇ ತೋರುತ್ತದೆ. ಹತ್ತಿರ ಹೋಗಿ ಕಂಬಕ್ಕೆ ಮ್ಯಾಗ್ನೆಟ್ ಇಟ್ಟೆ. ಟಕ್ಕೆಂದು ಹಿಡಿದುಕೊಂಡಿತು. ಎಲ್ಲವೂ ಎರಕದ ಕಬ್ಬಿಣ. ಅಚ್ಚಿನಲ್ಲಿ ಎರೆದು, ತುಂಡುತುಂಡಾಗಿ ತಂದು, ಬೋಲ್ಟು ಹಾಕಿ ನಿಲ್ಲಿಸಿದ ಮುಖ. ಹತ್ತಿರದಿಂದ ನೋಡಿದರೆ ಬಣ್ಣದ ಪದರದ ಕೆಳಗೆ ಎರಡು ತುಂಡು ಸೇರಿದ ಗೆರೆ ತೆಳ್ಳಗೆ ಕಾಣುತ್ತದೆ. ಮ್ಯಾಗ್ನೆಟ್ ಹಿಡಿದು ಪರೀಕ್ಷಿಸುವುದನ್ನು ಊರಿಗೆ ಕಲಿಸಿದವರು ಗಡಿಯಾರದ ಅದೇ ಮಾರ್ಗೊ ಗೇಲ್. 1970ರಲ್ಲಿ ಎರಕದ ಕಬ್ಬಿಣದ ಕಟ್ಟಡಗಳಿಗಾಗಿ ಒಂದು ಸಂಘ ಕಟ್ಟಿ, ಜನರ ಕೈಗೆ ಮ್ಯಾಗ್ನೆಟ್ ಕೊಟ್ಟು ಬೀದಿ ಸುತ್ತಿಸುತ್ತಿದ್ದರು. ನಮ್ಮವರು ಮ್ಯಾಗ್ನೆಟ್ ಇಸಿದುಕೊಂಡು ಸಾಲಿನ ಮುಂದಿನ ಕಟ್ಟಡಗಳನ್ನೆಲ್ಲ ಒಂದೊಂದಾಗಿ ನೋಡುತ್ತಾ ನಡೆದರು. ಈ ಹಾವೌಟ್ ಕಟ್ಟಡದಲ್ಲೇ ಓಟಿಸ್ ಪ್ರಯಾಣಿಕರ ಮೊದಲ ಸುರಕ್ಷಿತ ಲಿಫ್ಟ್ ಕೂರಿಸಿದ್ದು, 1857ರ ಮಾರ್ಚ್‌ನಲ್ಲಿ.

ಇದರ ಮೇಲೆಯೇ ಹತ್ತು ಲೇನಿನ ಮೇಲ್ಸೇತುವೆ ಹೋಗಬೇಕಿತ್ತು. ಲೋಯರ್ ಮ್ಯಾನ್‌ಹಾಟನ್ ಎಕ್ಸ್‌ಪ್ರೆಸ್‌ವೇ ಎಂದು ಅದರ ಹೆಸರು. ಪೂರ್ವದ ಎರಡು ಸೇತುವೆಗಳಿಂದ ಪಶ್ಚಿಮದ ಹಾಲೆಂಡ್ ಸುರಂಗಕ್ಕೆ, ಬ್ರೂಮ್ ಸ್ಟ್ರೀಟ್ ಗುಂಟ. ಸುಮಾರು 2 ಸಾವಿರ ಕುಟುಂಬಗಳು, 800 ಅಂಗಡಿ ಕಾರ್ಖಾನೆಗಳು ಎದ್ದುಹೋಗಬೇಕಿತ್ತು. ಇದೂ ಮೋಸೆಸ್ ಯೋಜನೆಯೇ. ಬ್ರೂಮ್ ಸ್ಟ್ರೀಟಿನ ಚರ್ಚಿನ ಪಾದ್ರಿ ಜೆರಾರ್ಡ್ ಲಾ ಮೌಂಟನ್ ತಮ್ಮ ಇಟಾಲಿಯನ್ ಬಡಾವಣೆ ಉಳಿಸಿಕೊಳ್ಳಲು ಜೇಕಬ್ಸ್ ಬಾಗಿಲು ತಟ್ಟಿದರು. 1962ರ ಡಿಸೆಂಬರಿನಲ್ಲಿ ನಗರ ಮಂಡಳಿ ಯೋಜನೆಯನ್ನು ತಳ್ಳಿಹಾಕಿತು. ಮತ್ತೆ ಜೀವ ಬಂತು. ಮತ್ತೆ ಹೋರಾಟ. 1968ರ ಏಪ್ರಿಲ್ 10ರ ಸಾರ್ವಜನಿಕ ವಿಚಾರಣೆಯಲ್ಲಿ ಮೈಕನ್ನು ಅಧಿಕಾರಿಗಳ ಕಡೆಗಲ್ಲ, ಜನರ ಕಡೆಗೇ ತಿರುಗಿಸಿ ಇಟ್ಟಿದ್ದರು. ಯಾರು ಏನೇ ಹೇಳಿದರೂ ತಮ್ಮತಮ್ಮೊಳಗೇ ಹೇಳಿಕೊಂಡಂತಾಗುತ್ತಿತ್ತು. ಜೇಕಬ್ಸ್ ವೇದಿಕೆ ಹತ್ತಿದರು, ಜನ ಹಿಂದೆ ಹತ್ತಿದರು, ಮಾತು ದಾಖಲಿಸುವ ಯಂತ್ರದ ಕಾಗದದ ಸುರುಳಿ ಚೆಲ್ಲಾಡಿತು, ಜೇಕಬ್ಸ್ ಬಂಧನವಾಯಿತು. ಮರುವರ್ಷ ಮೇಯರ್ ಲಿಂಡ್ಸೆ ಯೋಜನೆ ಮುಗಿಯಿತು ಎಂದರು. 1973ರಲ್ಲಿ ಸೋಹೋ ಎರಕದ ಕಬ್ಬಿಣದ ಐತಿಹಾಸಿಕ ಪ್ರದೇಶವಾಯಿತು.

ಬ್ರೂಮ್ ಸ್ಟ್ರೀಟಿನಲ್ಲಿ ನಿಂತಾಗ 2016ರ ಅಕ್ಟೋಬರಿನ ಆ ಭಾನುವಾರ ನೆನಪಾಯಿತು. ಚಾಲುಕ್ಯ ಸರ್ಕಲ್‌ನಿಂದ ಹೆಬ್ಬಾಳಕ್ಕೆ 6.7 ಕಿ.ಮೀ. ಉಕ್ಕಿನ ಮೇಲ್ಸೇತುವೆ, ಅದಕ್ಕೆ 812 ಮರ ಎಂದಾಗ ನಾವು ಮಲ್ಲೇಶ್ವರದ ಹೆಂಗಸರು ಮಾನವ ಸರಪಳಿಯಲ್ಲಿ ನಿಂತಿದ್ದೆವು. ಕೈಯಲ್ಲಿದ್ದ ಫಲಕದಲ್ಲಿ ಮೂರೇ ಮಾತು: ಸ್ಟೀಲ್ ಫ್ಲೈಓವರ್ ಬೇಡ. ಎತ್ತರ ಕಡಿಮೆ ಮಾಡಿ, ಮರ ಸ್ಥಳಾಂತರ ಮಾಡಿ ಎಂದು ಯಾರೂ ಬರೆದುಕೊಂಡು ಬಂದಿರಲಿಲ್ಲ. 2017ರ ಮಾರ್ಚಿನಲ್ಲಿ ಸರ್ಕಾರ ಕೈಬಿಟ್ಟಿತು. ಆ ದಿನ ನಮ್ಮವರು ಬಂದಿರಲಿಲ್ಲ. ಇಲಾಖೆಯ ಹಳೆಯ ಸ್ನೇಹಿತರು ಏನಂದುಕೊಳ್ಳುತ್ತಾರೋ ಎಂದಿದ್ದರು. ಈಗ ಅದನ್ನೆತ್ತಿ ಅಣಕಿಸುವ ಮನಸ್ಸು ನನಗೆ ಬರಲಿಲ್ಲ. ಅವರು ಕಟ್ಟಡದ ಮುಖವನ್ನು ನೋಡುತ್ತಾ ನಿಂತಿದ್ದರು.

ಮತ್ತೆ ಸೋಮವಾರ, ಸಂಜೆ

ಸಮುದಾಯ ಮಂಡಳಿ ಎಂಬ ಏರ್ಪಾಡು ಇಲ್ಲಿದೆ. ನಮ್ಮ ವಾರ್ಡ್ ಸಮಿತಿಗೆ ಹತ್ತಿರದ್ದು ಎನ್ನಬಹುದು, ಆದರೆ ತಿಂಗಳು ತಿಂಗಳು ತಪ್ಪದೆ ಸೇರುತ್ತದೆ. ವಿಲೇಜಿನ ಮಂಡಳಿಗೆ ಹಳೆಯ ಕಟ್ಟಡಗಳಿಗೇ ಬೇರೆ ಉಪಸಮಿತಿ ಇದೆ. ಅದರ ಸಭೆ ಯಾರು ಬೇಕಾದರೂ ಹೋಗಿ ಕೂರಬಹುದಾದದ್ದು, ಹಾಗಾಗಿ ಹೋದೆವು.

ಇದರ ಹಿಂದಿರುವ ಕಾನೂನು ಬಂದದ್ದು ಒಂದು ದೊಡ್ಡ ನಷ್ಟದಿಂದ. 1963ರಲ್ಲಿ ಪೆನ್ ಸ್ಟೇಷನ್ ಎಂಬ ಭವ್ಯ ರೈಲು ನಿಲ್ದಾಣವನ್ನು ಕೆಡವಲು ಶುರುಮಾಡಿದಾಗ ಊರಿಗೆ ಊರೇ ಮರುಗಿತು. 1965ರ ಏಪ್ರಿಲ್ 19ರಂದು ಮೇಯರ್ ವ್ಯಾಗ್ನರ್ ಸಂರಕ್ಷಣಾ ಕಾನೂನಿಗೆ ಸಹಿ ಹಾಕಿದರು. ವಿಲೇಜನ್ನು ಸಣ್ಣ ಸಣ್ಣ ತುಂಡುಗಳಾಗಿ ಒಡೆದು ರಕ್ಷಿಸುವ ಪ್ರಸ್ತಾಪವೂ ಬಂದಿತ್ತು. ನಿವಾಸಿಗಳು ಒಪ್ಪಲಿಲ್ಲ. ತುಂಡುಗಳ ನಡುವೆ ಬಿಟ್ಟ ಜಾಗದಲ್ಲೇ ಗೋಪುರಗಳು ಏಳುತ್ತವೆ ಎಂದು ಅವರಿಗೆ ಗೊತ್ತಿತ್ತು. ಕೊನೆಗೆ 2 ಸಾವಿರಕ್ಕೂ ಹೆಚ್ಚು ಕಟ್ಟಡಗಳ ಒಂದೇ ಪ್ರದೇಶವಾಯಿತು. ಇಲ್ಲಿ ಬೀದಿಗೆ ಕಾಣುವ ಕಿಟಕಿ ಬದಲಿಸಬೇಕಾದರೂ ಅನುಮತಿ ಬೇಕು.

ಅಂದಿನ ಮೊದಲ ವಿಷಯ, ಒಂದು ಹಳೆಯ ಮನೆಯ ತಾರಸಿ ಮೇಲೆ ಇನ್ನೊಂದು ಅಂತಸ್ತು. ಮಂಗಳವಾರ ನಡೆಯುವಾಗ ಒಂದು ಮನೆಯ ಮೇಲೆ ಮರದ ಪಟ್ಟಿ ನಿಲ್ಲಿಸಿ ಕಿತ್ತಳೆ ಬಣ್ಣದ ಬಲೆ ಕಟ್ಟಿದ್ದನ್ನು ನೋಡಿ ಇದೇನೆಂದುಕೊಂಡಿದ್ದೆವು. ಇಲ್ಲಿ ತಿಳಿಯಿತು. ಕಟ್ಟಲಿರುವ ಅಂತಸ್ತಿನ ಅಷ್ಟೇ ಎತ್ತರ, ಅಷ್ಟೇ ಅಗಲಕ್ಕೆ ಚೌಕಟ್ಟು ನಿಲ್ಲಿಸಿ, ಬೀದಿಯ ಯಾವ ಯಾವ ಮೂಲೆಯಿಂದ ಅದು ಕಾಣುತ್ತದೆ ಎಂದು ಫೋಟೋ ತೆಗೆದು ತರಬೇಕು. ವಾಸ್ತುಶಿಲ್ಪಿ ಒಂದೊಂದೇ ಫೋಟೋ ಪರದೆಗೆ ಹಾಕಿದರು. ಚೀಟಿ ಬರೆದುಕೊಟ್ಟವರಿಗೆಲ್ಲ ಎರಡೆರಡು ನಿಮಿಷ ಮಾತು. ಒಬ್ಬ ಹಿರಿಯರು ಕೋಲೂರಿಕೊಂಡು ಎದ್ದು, ಎದುರು ಬದಿಯ ಬಸ್‌ಸ್ಟಾಪಿನಿಂದ ತೆಗೆದ ಫೋಟೋ ಇದರಲ್ಲಿಲ್ಲ, ನಾನು ದಿನಾ ಅಲ್ಲೇ ನಿಲ್ಲುವುದು, ಅಲ್ಲಿಂದ ಬಲೆ ಪೂರ್ತಿ ಕಾಣುತ್ತದೆ ಎಂದರು. ಇನ್ನೊಬ್ಬರು, ಆ ಮನೆಯಲ್ಲಿ ಮೊದಲು ನಾಲ್ಕು ಸಂಸಾರ ಇತ್ತು, ಈಗ ಒಂದೇ ಸಂಸಾರಕ್ಕೆ ಇನ್ನೊಂದು ಅಂತಸ್ತು ಬೇಕೇ ಎಂದು ಕೇಳಿದರು. ಅದು ನಮ್ಮ ವ್ಯಾಪ್ತಿಗೆ ಬರುವುದಿಲ್ಲ ಎಂದು ಅಧ್ಯಕ್ಷೆ ಸಮಾಧಾನವಾಗಿ ಹೇಳಿದರು. ಬಸ್‌ಸ್ಟಾಪಿನ ಫೋಟೋ ತರಬೇಕು, ಎತ್ತರ ತಗ್ಗಿಸದೆ ಒಪ್ಪಿಗೆ ಕೊಡಬಾರದು ಎಂದು ನಿರ್ಣಯವಾಯಿತು. ಇದು ಸಲಹೆ ಮಾತ್ರ, ಕೊನೆಯ ತೀರ್ಮಾನ ಸಂರಕ್ಷಣಾ ಆಯೋಗದ್ದು.

ಗಂಟೆ ಎಂಟಾಗುತ್ತಾ ಬಂದಿತ್ತು. ಮಗಳು ಊಟಕ್ಕೆ ಕಾಯುತ್ತಿರುತ್ತಾಳೆ ಎಂದು ನಾನು ಬ್ಯಾಗು ಎತ್ತಿಕೊಂಡೆ. ಅಷ್ಟರಲ್ಲಿ ಎರಡನೆಯ ವಿಷಯ ಓದಿದರು: ಅಂಗಡಿಯೊಂದರ ಬೋರ್ಡಿಗೆ ಹೊಸ ದೀಪ.

“ಕೂತ್ಕೋ ಕಣೇ,” ಅಂದರು ನಮ್ಮವರು, ಪರದೆಯ ಮೇಲಿನ ನಕ್ಷೆಯಿಂದ ಕಣ್ಣು ತೆಗೆಯದೆ. “ಅಳತೆ ಹಾಕಿದ್ದಾರೋ ಇಲ್ವೋ ನೋಡೋಣ.”